ಮುದ್ರಿಸುವುದನ್ನು ಓದುವ ಮುದ್ರಣಾಲಯ: ಕಾರವಾರದಲ್ಲಿ ಅಚ್ಚಾದ ಒಂದು ಫುಟ್‌ಬಾಲ್ ಪುಸ್ತಿಕೆ

ಕಾರವಾರದ ಪೇಟೆಯೊಳಗೆ ಒಂದು ಹಳೆಯ ಮುದ್ರಣಾಲಯವಿದೆ. ಹಿಂದೆ ಅಚ್ಚುಮೊಳೆ ಜೋಡಿಸಿ ಲಗ್ನಪತ್ರಿಕೆ, ರಸೀದಿ ಪುಸ್ತಕಗಳನ್ನು ಮುದ್ರಿಸುತ್ತಿದ್ದ ಇದು ಈಗ ಡಿಟಿಪಿ ಮತ್ತು ಆಫ್‌ಸೆಟ್‌ಗೆ ಬದಲಾಗಿದೆ. ಯಜಮಾನರಿಗೆ ಪ್ರಚಾರ ಇಷ್ಟವಿಲ್ಲದ ಕಾರಣ ಹೆಸರನ್ನು ಬರೆಯುತ್ತಿಲ್ಲ. ಊರಿನವರಿಗೆ ಇಷ್ಟರಿಂದಲೇ ಗುರುತು ಸಿಕ್ಕೀತು. ಹುಡುಗರ ಫುಟ್‌ಬಾಲ್ ಪಂದ್ಯಾವಳಿಯೊಂದರಲ್ಲಿ ಹಂಚುವುದಕ್ಕಾಗಿ ನಾವು ಸಿದ್ಧಪಡಿಸಿದ 48 ಪುಟಗಳ ಪುಸ್ತಿಕೆಯನ್ನು ಇಲ್ಲಿ ಮುದ್ರಿಸಿದೆವು. ಅದರ ವಿಷಯ ಮೊದಲ ಮಹಾಯುದ್ಧ ಆರಂಭವಾದ ವರ್ಷದ, ಅಂದರೆ 1914-15ರ, ಸ್ಕಾಟ್ಲೆಂಡಿನ ಫುಟ್‌ಬಾಲ್ ಋತು. ನನ್ನ ಅಭಿಪ್ರಾಯವನ್ನು ಮೊದಲೇ ಹೇಳಿಬಿಡುತ್ತೇನೆ: ಅಕ್ಷರ, ಅಂಕಿ, ಕೋಷ್ಟಕಗಳಿರುವ ಕೆಲಸಕ್ಕೆ ಜಿಲ್ಲೆಯಲ್ಲಿ ನಾನು ಕಂಡ ಮುದ್ರಣಾಲಯಗಳ ಪೈಕಿ ಇದೇ ಉತ್ತಮ, ಏಕೆಂದರೆ ಇಲ್ಲಿಯವರು ತಾವು ಮುದ್ರಿಸುವುದನ್ನು ಓದುತ್ತಾರೆ. ಚಿತ್ರಗಳು ಮುಖ್ಯವಾಗಿರುವ ಕೆಲಸಕ್ಕೂ ಅವಸರದ ಕೆಲಸಕ್ಕೂ ಇದು ತಕ್ಕ ಜಾಗವಲ್ಲ.

ಇಂಥ ಪಂದ್ಯಾವಳಿಗಳ ಸ್ಮರಣ ಸಂಚಿಕೆಗಳು ಹೇಗಿರುತ್ತವೆ ಎಂಬುದು ಎಲ್ಲರಿಗೂ ಗೊತ್ತು. ಮುಂದಿನ ಪುಟಗಳಲ್ಲಿ ಗಣ್ಯರ ಶುಭಾಶಯ, ಹಿಂದಿನ ಪುಟಗಳಲ್ಲಿ ಜಾಹೀರಾತು, ನಡುವೆ ಎಲ್ಲಿಯೋ ತಂಡಗಳ ಪಟ್ಟಿ. ಬಹುಮಾನ ವಿತರಣೆ ಮುಗಿಯುವ ಹೊತ್ತಿಗೆ ಪ್ರತಿಗಳು ಕುರ್ಚಿಗಳ ಕೆಳಗೆ ಬಿದ್ದಿರುತ್ತವೆ. ಈ ಸಲ ಹುಡುಗರು ಓದಬಹುದಾದ ಒಂದು ಕಥೆಯನ್ನೇ ಕೊಡೋಣ ಎಂದು ಸಂಘಟಕರು ಒಪ್ಪಿದರು. ಮಾಲಾದೇವಿ ಮೈದಾನದಲ್ಲಿ ಆಡುವ ಮಕ್ಕಳಲ್ಲಿ ನೌಕಾಪಡೆಯ ಕುಟುಂಬಗಳವರು ಹಲವರಿದ್ದಾರೆ. ಸೈನ್ಯಕ್ಕೆ ಸೇರುವುದು ಎಂದರೇನು ಎಂಬುದು ಅವರಿಗೆ ಹೊಸ ವಿಚಾರವಲ್ಲ. ದೇಶ ಯುದ್ಧದಲ್ಲಿರುವಾಗ ಆಟ ನಡೆಯಬೇಕೇ, ನಡೆದರೆ ಆಡುವವರು ಯಾರು, ನೋಡುವವರು ಯಾರು ಎಂಬ ಪ್ರಶ್ನೆಗಳು ಒಂದೇ ಋತುವಿನಲ್ಲಿ ಒಟ್ಟಿಗೆ ಬಂದು ನಿಂತ ಉದಾಹರಣೆಯನ್ನು ಹುಡುಕಿದಾಗ ಎಡಿನ್‌ಬರೋ ನಗರದ ಹಾರ್ಟ್ ಆಫ್ ಮಿಡ್ಲೋಥಿಯನ್ ತಂಡದ 1914-15ರ ಕಥೆಯೇ ಎದುರಿಗೆ ಬಂದಿತು. ಅಲ್ಲಿಯವರು ಆ ತಂಡವನ್ನು ಹಾರ್ಟ್ಸ್ ಎಂದು ಕರೆಯುತ್ತಾರೆ.

ಮುದ್ರಣದ ಮಾತಿಗೆ ಹೋಗುವ ಮೊದಲು ಆ ಋತುವಿನ ಎಳೆಯನ್ನು ಸ್ವಲ್ಪ ಬಿಡಿಸಿಡುವುದು ಅಗತ್ಯ. ಬ್ರಿಟನ್ 1914ರ ಆಗಸ್ಟ್ 4ರಂದು ಯುದ್ಧ ಸಾರಿತು. ಆಗಸ್ಟ್ 15ರಂದು ಹಾರ್ಟ್ಸ್ ತನ್ನ ಟೈನ್‌ಕ್ಯಾಸಲ್ ಮೈದಾನದಲ್ಲಿ, ಹಿಂದಿನ ಋತುವಿನ ಚಾಂಪಿಯನ್ ಆಗಿದ್ದ ಗ್ಲಾಸ್ಗೋದ ಸೆಲ್ಟಿಕ್ ತಂಡವನ್ನು 2-0 ಗೋಲುಗಳಿಂದ ಸೋಲಿಸಿ ಲೀಗ್ ಆರಂಭಿಸಿತು. ಅಲ್ಲಿಂದ ಮೊದಲ ಎಂಟು ಪಂದ್ಯಗಳನ್ನೂ ಸತತವಾಗಿ ಗೆದ್ದಿತು. ಮ್ಯಾನೇಜರ್ ಜಾನ್ ಮೆಕಾರ್ಟ್ನಿ ಕಟ್ಟಿದ್ದ ಆ ಯುವ ತಂಡ ಆ ವರ್ಷ ಪ್ರಶಸ್ತಿ ಗೆದ್ದೇ ಗೆಲ್ಲುತ್ತದೆ ಎಂಬ ಭಾವನೆ ಹಬ್ಬಿತ್ತು. ಆದರೆ ಮೈದಾನದ ಹೊರಗೆ ಬೇರೆಯೇ ಗಾಳಿ ಬೀಸುತ್ತಿತ್ತು. ಗಟ್ಟಿಮುಟ್ಟಾದ ಯುವಕರು ಸಂಬಳ ಪಡೆದು ಚೆಂಡು ಒದೆಯುತ್ತಿರುವಾಗ ಅವರ ವಯಸ್ಸಿನವರು ಫ್ರಾನ್ಸಿನಲ್ಲಿ ಸಾಯುತ್ತಿದ್ದಾರೆ ಎಂಬ ಆಕ್ಷೇಪ ಪತ್ರಿಕೆಗಳಲ್ಲಿ ದಿನೇ ದಿನೇ ಜೋರಾಯಿತು. ‘ಸೈನಿಕನ ಮಗಳು’ ಎಂಬ ಸಹಿಯಲ್ಲಿ ಎಡಿನ್‌ಬರೋದ ಸಂಜೆ ಪತ್ರಿಕೆಗೆ ಬಂದ ಪತ್ರವೊಂದು, ಈ ತಂಡ ಇನ್ನು ‘ಮಿಡ್ಲೋಥಿಯನ್ನಿನ ಬಿಳಿ ಗರಿಗಳು’ ಎಂದು ಹೆಸರಿಟ್ಟುಕೊಳ್ಳಲಿ ಎಂದು ಚುಚ್ಚಿತು. ಬಿಳಿ ಗರಿ ಅಂದಿನ ಬ್ರಿಟನ್ನಿನಲ್ಲಿ ಹೇಡಿತನದ ಗುರುತು. ಸೈನ್ಯ ಸೇರದ ಗಂಡಸರ ಕೈಗೆ ಬೀದಿಯಲ್ಲೇ ಅದನ್ನು ಕೊಡುತ್ತಿದ್ದರು.

ನವೆಂಬರ್ 25ರಂದು ಹಾರ್ಟ್ಸ್‌ನ ಹನ್ನೊಂದು ಮಂದಿ ಆಟಗಾರರು ಎಡಿನ್‌ಬರೋದ ಮಾಜಿ ಸಂಸದ ಸರ್ ಜಾರ್ಜ್ ಮೆಕ್ರೇ ಕಟ್ಟುತ್ತಿದ್ದ ಹೊಸ ಪಡೆಗೆ ಹೆಸರು ಕೊಟ್ಟರು. ಮುಂದೆ ಇದೇ ರಾಯಲ್ ಸ್ಕಾಟ್ಸ್ ರೆಜಿಮೆಂಟಿನ 16ನೆಯ ಬೆಟಾಲಿಯನ್ ಆಯಿತು. ಮೀಸಲು ಸೈನಿಕರಾಗಿದ್ದ ಜಾರ್ಜ್ ಸಿಂಕ್ಲೇರ್ ಮತ್ತು ನೀಲ್ ಮೋರ್‌ಲ್ಯಾಂಡ್ ಯುದ್ಧದ ಆರಂಭದಲ್ಲೇ ಕರೆ ಬಂದು ಹೋಗಿದ್ದರು. ಜೇಮ್ಸ್ ಸ್ಪೀಡಿ ಬೇರೊಂದು ರೆಜಿಮೆಂಟಿಗೆ ಸೇರಿದ್ದರು. ಆಟಗಾರರ ಹಿಂದೆಯೇ ನೂರಾರು ಅಭಿಮಾನಿಗಳು ಸೇರಿದರು, ರೇತ್ ರೋವರ್ಸ್, ಫಾಲ್ಕರ್ಕ್, ಡನ್‌ಫರ್ಮ್‌ಲಿನ್ ಮೊದಲಾದ ಬೇರೆ ಕ್ಲಬ್ಬುಗಳ ಆಟಗಾರರೂ ಸೇರಿದರು. ಆದರೆ ಪಡೆ ಕೂಡಲೇ ಫ್ರಾನ್ಸಿಗೆ ಹೊರಡಲಿಲ್ಲ. ಹೊರಟದ್ದು 1916ರ ಜನವರಿಯಲ್ಲಿ. ಹೀಗಾಗಿ 1914-15ರ ಉಳಿದ ತಿಂಗಳುಗಳಲ್ಲಿ ಹಾರ್ಟ್ಸ್ ಆಟಗಾರರು ವಾರವಿಡೀ ಕವಾಯತು, ರಾತ್ರಿಯ ದೂರದ ನಡಿಗೆ, ರೋಗನಿರೋಧಕ ಚುಚ್ಚುಮದ್ದಿನ ಜ್ವರ ಇವನ್ನೆಲ್ಲ ಮುಗಿಸಿ ಶನಿವಾರ ಪಂದ್ಯಕ್ಕೆ ಇಳಿಯಬೇಕಾಯಿತು. ಋತುವಿನ ಬಹುಪಾಲು ಮೇಲ್ತುದಿಯಲ್ಲಿದ್ದ ತಂಡ ಕೊನೆಯ ಹಂತದಲ್ಲಿ ಅಂಕ ಕಳೆದುಕೊಂಡು ಎರಡನೆಯ ಸ್ಥಾನಕ್ಕೆ ಇಳಿಯಿತು.

ಈಗ ಮುದ್ರಣಾಲಯಕ್ಕೆ ಬರೋಣ. ನಾವು ಬರಹವನ್ನು ಯೂನಿಕೋಡ್‌ನಲ್ಲಿ ಟೈಪ್ ಮಾಡಿ ಪೆನ್‌ಡ್ರೈವ್‌ನಲ್ಲಿ ಒಯ್ದಿದ್ದೆವು. ಅಲ್ಲಿನ ಪುಟವಿನ್ಯಾಸ ಇನ್ನೂ ಹಳೆಯ ತಂತ್ರಾಂಶದಲ್ಲಿ, ಯೂನಿಕೋಡ್ ಅಲ್ಲದ ‘ನುಡಿ’ ಎಂಬ ಕನ್ನಡ ಫಾಂಟಿನ ಅಕ್ಷರಗಳಲ್ಲಿ ನಡೆಯುತ್ತದೆ. ಆದ್ದರಿಂದ ಇಡೀ ಬರಹವನ್ನು ಪರಿವರ್ತಿಸಬೇಕಾಯಿತು. ಕನ್ನಡದಲ್ಲಿ ಪುಸ್ತಕ ಮಾಡಿಸಿದವರಿಗೆಲ್ಲ ಈ ಹಂತದ ಫಜೀತಿ ಗೊತ್ತಿರುತ್ತದೆ. ಮಾಮೂಲಿ ಕನ್ನಡ ಬರಹದಲ್ಲಿ ಒಂದೆರಡು ಅರ್ಕಾವತ್ತು ಕೆಡುವುದುಂಟು, ಅಷ್ಟೆ. ನಮ್ಮ ಬರಹದಲ್ಲಿ ಪ್ರತಿ ಸಾಲಿಗೂ ಒಂದು ಸ್ಕಾಟಿಷ್ ಹೆಸರು. ಟೈನ್‌ಕ್ಯಾಸಲ್ ಎಂಬುದರಲ್ಲಿ ನಕಾರ ಮತ್ತು ಕಕಾರ ಬೇರೆಬೇರೆಯಾಗಿ ನಿಲ್ಲಬೇಕು. ಪರಿವರ್ತನೆಯಲ್ಲಿ ಆ ತಡೆ ಬಿದ್ದುಹೋಗಿ ಕಕಾರ ನಕಾರದ ಕೆಳಗೆ ಒತ್ತಾಗಿ ಸೇರಿಕೊಂಡಿತ್ತು. ಡನ್‌ಫರ್ಮ್‌ಲಿನ್ ಅಂತೂ ಓದಲಾಗದ ಗಂಟಾಗಿತ್ತು. ತಂಡದ ಹೆಸರಾದ ಹಾರ್ಟ್ಸ್, ಪುಸ್ತಿಕೆಯ ಉದ್ದಕ್ಕೂ ಬರುವ ಪದ, ಕೆಲವು ಪುಟಗಳಲ್ಲಿ ಸರಿಯಾಗಿ, ಕೆಲವು ಪುಟಗಳಲ್ಲಿ ರೇಫ ಮುಂದಿನ ಅಕ್ಷರಕ್ಕೆ ಹಾರಿ ಕುಳಿತು ಬಂದಿತ್ತು. ಬೇರೆಡೆಯಾಗಿದ್ದರೆ ಇದನ್ನೆಲ್ಲ ತಿದ್ದುವುದು ಗ್ರಾಹಕನ ಕರ್ತವ್ಯ ಎಂದು ಕರಡಚ್ಚನ್ನು ನಮ್ಮ ಕೈಗೆ ಹಾಕುತ್ತಿದ್ದರು. ಇಲ್ಲಿ ಡಿಟಿಪಿ ಮಾಡುವ ತರುಣ, ನಾವು ಕೇಳದೆಯೇ, ಹೆಸರುಗಳ ಒಂದು ಪಟ್ಟಿಯನ್ನು ನಮ್ಮಿಂದ ಕೈಬರಹದಲ್ಲಿ ಬರೆಸಿಕೊಂಡು ಗೋಡೆಗೆ ಅಂಟಿಸಿಕೊಂಡ. ಎರಡನೆಯ ಕರಡಚ್ಚಿನಲ್ಲಿ ಒಂದು ಹೆಸರೂ ಕೆಟ್ಟಿರಲಿಲ್ಲ.

ಈ ತರುಣ ಕೋಡಿಬಾಗದವ, ಸ್ವತಃ ಫುಟ್‌ಬಾಲ್ ಆಡುವವ. ಲೀಗಿನ ಕೋಷ್ಟಕವನ್ನು ಜೋಡಿಸುತ್ತಿದ್ದಾಗ ಅವನಿಂದ ಫೋನು ಬಂದಿತು: “ಮಾಸ್ತರ್ರೇ, ನಿಮ್ಮ ಲೆಕ್ಕ ತಾಳೆ ಆಗೂದಿಲ್ಲ. ಸೆಲ್ಟಿಕ್‌ಗೆ 95 ಆಗಬೇಕು, ಹಾರ್ಟ್ಸ್‌ಗೆ 88.” ಕೋಷ್ಟಕದಲ್ಲಿ ಇದ್ದದ್ದು ಹೀಗೆ: 20 ತಂಡಗಳು, ಪ್ರತಿ ತಂಡಕ್ಕೆ 38 ಪಂದ್ಯ, ಸೆಲ್ಟಿಕ್ 30 ಗೆಲುವು, 5 ಸಮ, 3 ಸೋಲು, 65 ಅಂಕ, ಹಾರ್ಟ್ಸ್ 27 ಗೆಲುವು, 7 ಸಮ, 4 ಸೋಲು, 61 ಅಂಕ. ಅವನು ಇಂದಿನ ರೂಢಿಯಂತೆ ಗೆಲುವಿಗೆ ಮೂರು ಅಂಕ ಹಿಡಿದು ಕೂಡಿಸಿದ್ದ. ಆ ಕಾಲದಲ್ಲಿ ಗೆಲುವಿಗೆ ಇದ್ದದ್ದು ಎರಡೇ ಅಂಕ. ಲೆಕ್ಕ ಸರಿಯೇ ಇತ್ತು, ಆದರೆ ಮೈದಾನದ ಹುಡುಗರೆಲ್ಲರೂ ಇದೇ ಸಂಶಯಪಡುತ್ತಾರೆ ಎಂಬುದು ಅವನ ಕರೆಯಿಂದ ಸ್ಪಷ್ಟವಾಯಿತು. ಕೋಷ್ಟಕದ ಕೆಳಗೆ ಒಂದು ಸಾಲಿನ ಅಡಿಟಿಪ್ಪಣಿ ಸೇರಿಸಿದೆವು. ಅಂಕಿಗಳನ್ನು ಚೌಕಗಳಲ್ಲಿ ತುಂಬಿ ಮುಗಿಸಿಬಿಡುವ ಮುದ್ರಣಾಲಯದಿಂದ ಇಂಥ ಕರೆ ಬರುವುದಿಲ್ಲ.

ಎರಡನೆಯ ವಿಭಾಗದ ಕೋಷ್ಟಕದಲ್ಲಿಯೂ ಹೀಗೆಯೇ ಆಯಿತು. ಆ ವರ್ಷ ಅಲ್ಲಿ ಕೌಡನ್‌ಬೀತ್, ಲೀತ್ ಅಥ್ಲೆಟಿಕ್, ಸೇಂಟ್ ಬರ್ನಾರ್ಡ್ಸ್ ಎಂಬ ಮೂರು ತಂಡಗಳೂ ತಲಾ 37 ಅಂಕ ಗಳಿಸಿದವು. ಒಂದರ ಕೆಳಗೊಂದು ಮೂರು ಬಾರಿ 37 ಕಂಡಾಗ ಯಜಮಾನರೇ ಕನ್ನಡಕ ಏರಿಸಿ, ಕಾಪಿ ಮಾಡುವಾಗ ಸಾಲು ಎರಡೆರಡು ಸಲ ಬಿದ್ದಿರಬೇಕು ಎಂದರು. ಬಿದ್ದಿರಲಿಲ್ಲ, ಮೂರೂ ತಂಡಗಳ ನಡುವೆ ನಿರ್ಣಾಯಕ ಪಂದ್ಯಗಳನ್ನು ಆಡಿಸಿ ಕೌಡನ್‌ಬೀತ್ ತಂಡವನ್ನು ವಿಜೇತ ಎಂದು ತೀರ್ಮಾನಿಸಬೇಕಾಗಿತ್ತು. ಆ ವಿಭಾಗವೇ ಮರುವರ್ಷದಿಂದ ನಿಂತುಹೋಗಿ 1921ರಲ್ಲಿ ಮತ್ತೆ ಆರಂಭವಾಯಿತು. ಇದನ್ನು ಕೇಳಿದ ಮೇಲೆ ಅವರು ಸುಮ್ಮನಿರದೆ, ಮೊದಲ ವಿಭಾಗ ನಿಲ್ಲದೆ ಇದು ಮಾತ್ರ ಏಕೆ ನಿಂತಿತು ಎಂದು ಕೇಳಿದರು. ಸ್ಕಾಟಿಷ್ ಕಪ್ ಪಂದ್ಯಾವಳಿಯನ್ನು 1914-15ರಲ್ಲೇ ಕೈಬಿಟ್ಟರೂ ಪ್ರಥಮ ವಿಭಾಗದ ಲೀಗನ್ನು ಸ್ಕಾಟ್ಲೆಂಡಿನವರು ಯುದ್ಧ ಮುಗಿಯುವವರೆಗೂ ನಡೆಸಿದರು, ಇಂಗ್ಲೆಂಡಿನವರು ಇದಕ್ಕೆ ತದ್ವಿರುದ್ಧವಾಗಿ 1915ರ ಏಪ್ರಿಲ್‌ನಲ್ಲಿ ಕಪ್ ಫೈನಲ್ ಆಡಿಸಿ ಆಮೇಲೆ ಲೀಗನ್ನೂ ಕಪ್ಪನ್ನೂ ನಿಲ್ಲಿಸಿದರು ಎಂಬ ವಿವರಣೆ ಪುಸ್ತಿಕೆಗೆ ಸೇರಿದ್ದು ಆ ಪ್ರಶ್ನೆಯಿಂದಾಗಿ. ಪ್ರಾಮಾಣಿಕವಾಗಿ ಹೇಳುವುದಾದರೆ, ನಮ್ಮ ಸಂಪಾದಕ ಮಂಡಳಿಯಲ್ಲಿ ಯಾರೂ ಇದನ್ನು ಕೇಳಿರಲಿಲ್ಲ.

ಈ ಮುದ್ರಣಾಲಯದ ನಿಜವಾದ ಬೆಲೆ ತಿಳಿದದ್ದು ಏಳು ಹೆಸರುಗಳ ಪುಟದಲ್ಲಿ. ಯುದ್ಧದ ವರ್ಷಗಳಲ್ಲಿ ತೀರಿಕೊಂಡ ಹಾರ್ಟ್ಸ್‌ನ ಏಳು ಆಟಗಾರರ ಹೆಸರನ್ನು ದಪ್ಪಕ್ಷರದಲ್ಲಿ, ಒಂದೇ ಪುಟದಲ್ಲಿ, ಸುತ್ತ ಕಪ್ಪು ಅಂಚು ಹಾಕಿ ಕೊಡಬೇಕೆಂದು ನಾವು ಬರೆದುಕೊಟ್ಟಿದ್ದೆವು. ಜೇಮ್ಸ್ ಸ್ಪೀಡಿ 1915ರ ಸೆಪ್ಟೆಂಬರ್ 25ರಂದು ಲೂಸ್ ಕದನದಲ್ಲಿ, ಡಂಕನ್ ಕರಿ, ಅರ್ನೆಸ್ಟ್ ಎಲ್ಲಿಸ್ ಮತ್ತು ಹ್ಯಾರಿ ವಾಟಿ ಮೂವರೂ 1916ರ ಜುಲೈ 1ರಂದು ಸೋಮ್ ಕದನದ ಮೊದಲ ದಿನವೇ, ಜೇಮ್ಸ್ ಬಾಯ್ಡ್ ಅದರ ಮುಂದಿನ ತಿಂಗಳು, ಜಾನ್ ಅಲನ್ 1917ರ ಏಪ್ರಿಲ್‌ನಲ್ಲಿ ಪ್ರಾಣ ಬಿಟ್ಟರು. ಏಳನೆಯವರು ಟಾಮ್ ಗ್ರೇಸಿ. 1914-15ರಲ್ಲಿ 29 ಗೋಲು ಹೊಡೆದು ಲೀಗಿನ ಅತಿ ಹೆಚ್ಚು ಗೋಲುಗಳ ಸ್ಥಾನವನ್ನು ಹಂಚಿಕೊಂಡ ಮುಂಪಂಕ್ತಿಯ ಆಟಗಾರ ಇವರು. ಋತು ಮುಗಿಯುವ ಮೊದಲೇ, 1915ರ ಮಾರ್ಚ್‌ನಲ್ಲಿ, ರಕ್ತದ ಕ್ಯಾನ್ಸರ್ ಇದೆ ಎಂದು ಗೊತ್ತಾಗಿತ್ತು. ಅಕ್ಟೋಬರ್ 23ರಂದು ಗ್ಲಾಸ್ಗೋದಲ್ಲಿ ತೀರಿಕೊಂಡರು. ಪಡೆಗೆ ಸೇರಿದ್ದರೂ ಫ್ರಾನ್ಸನ್ನು ಕಾಣಲಿಲ್ಲ.

ಪುಟವಿನ್ಯಾಸ ಮಾಡುವಾಗ ಯಜಮಾನರು ಗ್ರೇಸಿಯ ಸಾಲಿನ ಬಳಿ ಪೆನ್ಸಿಲ್ಲಿನಿಂದ ಒಂದು ಸಣ್ಣ ಗೆರೆ ಎಳೆದಿದ್ದರು. ತಲೆಬರಹದಲ್ಲಿ ‘ರಣರಂಗದಲ್ಲಿ ಮಡಿದವರು’ ಎಂದಿದೆ, ಈ ಒಬ್ಬರು ಆಸ್ಪತ್ರೆಯಲ್ಲಿ ಹೋದವರು, ಹೆಸರು ತೆಗೆಯಬೇಕೋ ತಲೆಬರಹ ಬದಲಿಸಬೇಕೋ ಎಂಬುದು ಅವರ ಪ್ರಶ್ನೆ. ಮಂಡಳಿಯ ಒಬ್ಬ ಹಿರಿಯರು ತಲೆಬರಹ ಗಂಭೀರವಾಗಿದೆ, ಹಾಗೆಯೇ ಇರಲಿ, ಹೆಸರನ್ನು ಕೆಳಗೆ ಬೇರೆಯಾಗಿ ಹಾಕೋಣ ಎಂದರು. ಯಜಮಾನರು ಒಪ್ಪಲಿಲ್ಲ, ಅಂಚಿನ ಹೊರಗೆ ಹಾಕಿದರೆ ಓದುವವರಿಗೆ ಆ ಮನುಷ್ಯ ಕಡಿಮೆ ಎನಿಸುತ್ತದೆ ಎಂದು ಹೇಳಿ, ಏಳೂ ಹೆಸರುಗಳನ್ನು ಸಾವಿನ ದಿನಾಂಕದ ಅನುಕ್ರಮದಲ್ಲಿ ಒಂದೇ ಅಳತೆಯ ಅಕ್ಷರದಲ್ಲಿ ಜೋಡಿಸಿ, ಪ್ರತಿ ಹೆಸರಿನ ಮುಂದೆ ಸ್ಥಳ ಮತ್ತು ಕಾರಣವನ್ನು ಚಿಕ್ಕ ಅಕ್ಷರದಲ್ಲಿ ಕೊಟ್ಟರು. ತಲೆಬರಹ ‘ಮರಳಿ ಆಡದವರು’ ಎಂದಾಯಿತು. ಪುಸ್ತಿಕೆಯಲ್ಲಿ ಎಲ್ಲರೂ ಮೆಚ್ಚಿದ ಪುಟ ಅದೇ, ಮತ್ತು ಅದರ ಶ್ರೇಯಸ್ಸು ಬರೆದವರಿಗಿಂತ ಹೆಚ್ಚಾಗಿ ಮುದ್ರಿಸಿದವರಿಗೆ ಸಲ್ಲಬೇಕು.

ಪುಟಗಳ ಲೆಕ್ಕಾಚಾರದಲ್ಲಿ ಅವರು ಬಿಗಿ. ಹದಿನಾರು ಪುಟಕ್ಕೆ ಒಂದು ಫಾರಂ, ಮೂರು ಫಾರಂಗೆ 48 ಪುಟ. ಇದಕ್ಕೆ ನಾಲ್ಕು ಪುಟ ಹೆಚ್ಚಾದರೂ ಕಾಗದ ವ್ಯರ್ಥವಾಗಿ ದರ ಏರುತ್ತದೆ ಎಂದು ಮೊದಲ ಭೇಟಿಯಲ್ಲೇ ಬಿಡಿಸಿ ಹೇಳಿದರು. ನಮ್ಮ ಬರಹ ಅದನ್ನು ಮೀರಿತ್ತು. ಟೈನ್‌ಕ್ಯಾಸಲ್‌ನಲ್ಲಿ ಆ ವರ್ಷ ಎದ್ದ ಹೊಸ ಪ್ರೇಕ್ಷಕರ ಕಟ್ಟಡ, ಅದರ ವಾಸ್ತುಶಿಲ್ಪಿ ಆರ್ಚಿಬಾಲ್ಡ್ ಲೀಚ್, ಪರ್ಸಿ ಡಾಸನ್ ಎಂಬ ಆಟಗಾರನನ್ನು ಬ್ಲ್ಯಾಕ್‌ಬರ್ನ್ ತಂಡ 2,500 ಪೌಂಡಿಗೆ ಕೊಂಡದ್ದು ಮೊದಲಾದ ಸಂಗತಿಗಳನ್ನೆಲ್ಲ ಕಡಿತಗೊಳಿಸಿದೆವು. ಕಳೆದುಕೊಂಡದ್ದೇನೂ ಇಲ್ಲ ಎಂದು ಈಗ ಅನ್ನಿಸುತ್ತದೆ. ಆದರೆ ಸೆಲ್ಟಿಕ್‌ಗೆ ಮೀಸಲಿಟ್ಟ ಎರಡು ಪುಟಗಳನ್ನು ಕಡಿಯಲು ನಾನು ಒಪ್ಪಲಿಲ್ಲ. ಈ ಕಥೆಯನ್ನು ಹೇಳುವವರು ಸಾಮಾನ್ಯವಾಗಿ ಹಾರ್ಟ್ಸ್ ತ್ಯಾಗ ಮಾಡಿತು, ಸೆಲ್ಟಿಕ್ ಲಾಭ ಮಾಡಿಕೊಂಡಿತು ಎಂಬ ಧಾಟಿಗೆ ಬೀಳುತ್ತಾರೆ, ಅದು ನ್ಯಾಯವಲ್ಲ. ಸೆಲ್ಟಿಕ್‌ನ ಪೀಟರ್ ಜಾನ್‌ಸ್ಟನ್ 1917ರಲ್ಲಿ ಅರಾಸ್ ಕದನದಲ್ಲಿ ಸತ್ತರು. ಅದೇ ಕ್ಲಬ್ಬಿನಲ್ಲಿ ಮೊದಲು ಇದ್ದ ವಿಲಿಯಂ ಆಂಗಸ್, 1915ರ ಜೂನ್ 12ರಂದು ಗಾಯಗೊಂಡ ಅಧಿಕಾರಿಯೊಬ್ಬರನ್ನು ಶತ್ರುವಿನ ಕಂದಕದ ಬಳಿಯಿಂದ ಎಳೆದುತಂದು, ಮೈತುಂಬ ಸುಮಾರು 40 ಗಾಯ ಹೊತ್ತು, ಒಂದು ಕಣ್ಣು ಕಳೆದುಕೊಂಡು, ಬ್ರಿಟನ್ನಿನ ಅತ್ಯುನ್ನತ ಶೌರ್ಯ ಪದಕವಾದ ವಿಕ್ಟೋರಿಯಾ ಕ್ರಾಸ್ ಪಡೆದರು. ಮರು ಋತುವಿನಲ್ಲಿ, 1916ರ ಏಪ್ರಿಲ್ 15ರಂದು, ಯುದ್ಧಕಾಲದ ನಿರ್ಬಂಧಗಳಿಂದ ಬಾಕಿ ಉಳಿದ ಪಂದ್ಯಗಳನ್ನು ಮುಗಿಸುವುದಕ್ಕಾಗಿ ಸೆಲ್ಟಿಕ್ ಒಂದೇ ದಿನ ಎರಡು ಲೀಗ್ ಪಂದ್ಯ ಆಡಿ, ರೇತ್ ರೋವರ್ಸ್ ವಿರುದ್ಧ 6-0, ಸಂಜೆ ಮದರ್‌ವೆಲ್ ವಿರುದ್ಧ 3-1, ಎರಡನ್ನೂ ಗೆದ್ದಿತು. ಒಂದೇ ದಿನದ ಈ ಎರಡು ಪಂದ್ಯಗಳ ಕುರಿತು ಚೌಕಟ್ಟಿನೊಳಗೆ ಕೊಟ್ಟಿದ್ದ ಬರಹವನ್ನು ಡಿಟಿಪಿಯ ತರುಣ ತಾನಾಗಿಯೇ ಪುಟದ ಮೇಲ್ಭಾಗಕ್ಕೆ ಏರಿಸಿದ್ದ. ಹುಡುಗರು ಮೊದಲು ಓದುವುದು ಇದನ್ನೇ ಎಂಬ ಅವನ ಊಹೆ ನಿಜವಾಯಿತು.

ಇನ್ನು ದೋಷಗಳು. ಚಿತ್ರಗಳ ಮುದ್ರಣ ಕಳಪೆ ಎನ್ನದೆ ವಿಧಿಯಿಲ್ಲ. ಹಳೆಯ ಕಪ್ಪುಬಿಳುಪು ಚಿತ್ರಗಳಲ್ಲಿ ನಡುವಿನ ಬೂದು ಛಾಯೆಗಳೆಲ್ಲ ಕಪ್ಪಿಗೆ ಸೇರಿಹೋಗಿ, ಸಾಲಾಗಿ ನಿಂತ ಆಟಗಾರರ ಮುಖಗಳು ಗುರುತು ಸಿಗದಂತಾಗಿವೆ. 80 ಜಿಎಸ್‌ಎಂ ತೂಕದ, ಹೊಳಪಿನ ಲೇಪವಿಲ್ಲದ ಮ್ಯಾಪ್‌ಲಿಥೋ ಕಾಗದದ ಮಿತಿ ಅದು ಎಂದು ಅವರು ಹೇಳಿದರು; ಸ್ವಲ್ಪ ಮಟ್ಟಿಗೆ ಒಪ್ಪಬಹುದು, ಆದರೆ ಮುದ್ರಣಕ್ಕೆ ಮೊದಲು ಚಿತ್ರಗಳನ್ನು ತಿಳಿಗೊಳಿಸುವ ಕೆಲಸವನ್ನು ಯಾರೂ ಮಾಡಿರಲಿಲ್ಲ ಎಂಬುದೂ ಅಷ್ಟೇ ನಿಜ. ಅಕ್ಷರದ ಮೇಲಿನ ಕಾಳಜಿಯ ಕಾಲು ಭಾಗ ಚಿತ್ರದ ಮೇಲಿದ್ದರೂ ಸಾಕಾಗಿತ್ತು. ಮುಖಪುಟಕ್ಕೆ ಹಾರ್ಟ್ಸ್ ತಂಡದ ಮರೂನ್ ಬಣ್ಣವನ್ನು ಕೇಳಿದ್ದೆವು; ಮೊದಲ ಮಾದರಿಯಲ್ಲಿ ಅದು ಇಟ್ಟಿಗೆ ಬಣ್ಣವಾಗಿ, ಎರಡನೆಯದರಲ್ಲಿ ಕಂದಾಗಿ ಬಂದಿತು. ಕೊನೆಗೆ ಬಂದದ್ದು ಮರೂನ್‌ಗೆ ಹತ್ತಿರ, ಆದರೆ ಮರೂನ್ ಅಲ್ಲ. ಮಳೆಗಾಲದಲ್ಲಿ ಮಾಡಿಸಿದ ಲ್ಯಾಮಿನೇಷನ್ ಕೆಲವು ಪ್ರತಿಗಳ ಅಂಚಿನಲ್ಲಿ ಗುಳ್ಳೆ ಎದ್ದು ಬಿಟ್ಟುಕೊಂಡಿದೆ. ಕರಾವಳಿಯ ತೇವದಲ್ಲಿ ಇದು ಎಲ್ಲ ಕಡೆಯ ಸಮಸ್ಯೆ ಎಂದರೂ, ಅಂಥ ಪ್ರತಿಗಳನ್ನು ಬೇರ್ಪಡಿಸದೆ ಕಟ್ಟಿಗೆ ಸೇರಿಸಿದ್ದು ಸರಿಯಲ್ಲ. ಕೇಳಿದ ಮೇಲೆ ಬದಲಿಸಿಕೊಟ್ಟರು ಎಂಬುದನ್ನೂ ಹೇಳಬೇಕು.

ತಡವಾದದ್ದು ಎಲ್ಲಕ್ಕಿಂತ ದೊಡ್ಡ ದೂರು. ಪಂದ್ಯಾವಳಿಯ ಉದ್ಘಾಟನೆಗೆ ಕೈಗೆ ಬಂದದ್ದು ಅರ್ಧದಷ್ಟು ಪ್ರತಿಗಳು ಮಾತ್ರ. ಉಳಿದವು ಫೈನಲ್ ದಿನ ಬೆಳಿಗ್ಗೆ ರಿಕ್ಷಾದಲ್ಲಿ ಬಂದಿಳಿದವು. ಕಾರಣವೂ ಗೊತ್ತಿರುವುದೇ: ಓದುವ ಮುದ್ರಣಾಲಯದಲ್ಲಿ ಓದುವುದಕ್ಕೆ ಸಮಯ ಹೋಗುತ್ತದೆ, ಕೆಲಸ ಮಾಡುವವರು ಕೆಲವೇ ಮಂದಿ, ನಡುವೆ ಯಾರೋ ಸತ್ಯನಾರಾಯಣ ಪೂಜೆಯ ಕರೆಯೋಲೆಯನ್ನು ನಾಳೆಗೇ ಬೇಕು ಎಂದು ಹಿಡಿದುಕೊಂಡು ಬಂದರೆ ಅದಕ್ಕೆ ಆದ್ಯತೆ ಸಿಗುತ್ತದೆ. ಹೇಳಿದ ದಿನಕ್ಕೆ ಆಗುವುದಿಲ್ಲ ಎಂದು ಮೊದಲೇ ತಿಳಿಸಿದ್ದರೆ ನಾವು ಕಾರ್ಯಕ್ರಮವನ್ನು ಅದಕ್ಕೆ ಹೊಂದಿಸಿಕೊಳ್ಳುತ್ತಿದ್ದೆವು. ಫೋನು ಮಾಡಿದಾಗಲೆಲ್ಲ “ಆಯ್ತು, ನಾಳೆ” ಎಂಬ ಉತ್ತರವೇ ಬರುತ್ತಿತ್ತು.

ದರದ ವಿಷಯದಲ್ಲಿ ತಕರಾರಿಲ್ಲ. ಪ್ರತಿಯೊಂದಕ್ಕೆ ನಾವು ಕೊಟ್ಟದ್ದು ಹುಬ್ಬಳ್ಳಿಯಲ್ಲಿ ಕೇಳಿದ ದರಕ್ಕಿಂತ ತುಸು ಹೆಚ್ಚು, ಆದರೆ ಹುಬ್ಬಳ್ಳಿಯ ಲೆಕ್ಕದಲ್ಲಿ ಕರಡಚ್ಚು ತಿದ್ದುವುದು ಸೇರಿರಲಿಲ್ಲ, ಸಾಗಾಣಿಕೆಯೂ ಸೇರಿರಲಿಲ್ಲ. ಹೊಲಿಗೆಯಿಲ್ಲದ ನಡುಪಿನ್ನಿನ ಕಟ್ಟು ಗಟ್ಟಿಯಾಗಿದೆ. ಹುಡುಗರ ಕೈಯಲ್ಲಿ ತಿರುಗಾಡಿದ ಪ್ರತಿಗಳಲ್ಲಿಯೂ ಹಾಳೆ ಕಳಚಿದ್ದನ್ನು ನಾನು ಕಂಡಿಲ್ಲ. ಅಂಚುಗಳನ್ನು ನೇರವಾಗಿ ಕತ್ತರಿಸಿದ್ದಾರೆ, ಪುಟಗಳು ಹಿಂದುಮುಂದಾಗಿಲ್ಲ.

ಇಲ್ಲಿ ಪುಸ್ತಕ ಮಾಡಿಸುವವರು ಯೂನಿಕೋಡ್ ಕಡತದ ಜೊತೆಗೆ ಕಾಗದದ ಮೇಲೆ ತೆಗೆದ ಒಂದು ಪ್ರತಿಯನ್ನೂ ಕೊಡಬೇಕು, ವಿದೇಶಿ ಹೆಸರುಗಳ ಪಟ್ಟಿಯನ್ನು ಬೇರೆಯಾಗಿ ಬರೆದುಕೊಡಬೇಕು, ಚಿತ್ರಗಳನ್ನು ಬೇರೆಡೆ ತಿದ್ದಿಸಿಕೊಂಡೇ ಬರಬೇಕು. ಲಗ್ನಗಳ ಹಂಗಾಮಿನಲ್ಲಿ, ಅಂದರೆ ಏಪ್ರಿಲ್ ಮೇ ತಿಂಗಳುಗಳಲ್ಲಿ, ಅತ್ತ ಹೋಗದಿರುವುದೇ ಲೇಸು. ಬೇಕಾದ ದಿನಕ್ಕಿಂತ ಎರಡು ವಾರ ಮೊದಲಿನ ದಿನವನ್ನು ಹೇಳಿ. ಅವರು ಏನಾದರೂ ಕೇಳಲು ಫೋನು ಮಾಡಿದರೆ ಅದನ್ನು ಎತ್ತಿಕೊಳ್ಳಿ, ಆ ಕರೆಯಿಂದ ಒಂದು ಪುಟ ಸುಧಾರಿಸುವ ಸಾಧ್ಯತೆ ಇರುತ್ತದೆ. ನಮ್ಮ ಎರಡನೆಯ ಮುದ್ರಣವನ್ನೂ ಅಲ್ಲಿಯೇ ಕೊಟ್ಟಿದ್ದೇವೆ; ಮುಖಪುಟವನ್ನು ಮಾತ್ರ ಹುಬ್ಬಳ್ಳಿಯಲ್ಲಿ ಮಾಡಿಸುತ್ತಿದ್ದೇವೆ.